ಮೊದಲು ಸೊನ್ನೆ ಸರಿಯಿದೆಯೇ ನೋಡಿ

ಸುರತ್ಕಲ್‌ನಲ್ಲಿ ವೀಲ್ ಅಲೈನ್‌ಮೆಂಟ್ ಮಾಡಿಸಿದ ಮರುದಿನವೇ ಕಾರಿನ ಇಎಸ್‌ಪಿ (ಕಾರು ಜಾರದಂತೆ ಹತೋಟಿಯಲ್ಲಿಡುವ ವ್ಯವಸ್ಥೆ) ದೀಪ ಹತ್ತಿಕೊಂಡಿತು, ಗ್ಯಾರೇಜಿನವರು ಸ್ಟೀರಿಂಗ್ ಎಷ್ಟು ತಿರುಗಿದೆ ಎಂದು ಅಳೆಯುವ ಸ್ಟೀರಿಂಗ್ ಆ್ಯಂಗಲ್ ಸೆನ್ಸರ್ ಬದಲಿಸಬೇಕು ಎನ್ನುತ್ತಿದ್ದಾರೆ ಎಂದಿದ್ದೀರಿ. ಅವಸರ ಬೇಡ. ಅಲೈನ್‌ಮೆಂಟಿನ ಬೆನ್ನಿಗೇ ಬಂದ ದೀಪವಾದರೆ ಸೆನ್ಸರ್ ಕೆಟ್ಟಿರುವುದಕ್ಕಿಂತ ಅದರ ಸೊನ್ನೆ, ಅಂದರೆ ಅದು ‘ನೇರ’ ಎಂದು ಎಣಿಸುವ ಬಿಂದು, ತಪ್ಪಿರುವ ಸಾಧ್ಯತೆಯೇ ಹೆಚ್ಚು.

ಎಬಿಎಸ್ (ಬ್ರೇಕ್ ಹಾಕಿದಾಗ ಚಕ್ರ ಲಾಕ್ ಆಗದಂತೆ ತಡೆಯುವ) ಘಟಕವನ್ನೂ ಓದಬಲ್ಲ ಸ್ಕ್ಯಾನರ್ ಹಾಕಿಸಿ. ಎಂಜಿನ್ ಕೋಡ್ ಮಾತ್ರ ತೋರಿಸುವ ಅಗ್ಗದ್ದು ಇಲ್ಲಿ ಪ್ರಯೋಜನಕ್ಕಿಲ್ಲ. ಚಕ್ರ ನೇರವಿದ್ದಾಗ ಸ್ಕ್ಯಾನರ್ ತೋರಿಸುವ ಸ್ಟೀರಿಂಗ್ ಕೋನ 0 ಡಿಗ್ರಿಯ ಆಸುಪಾಸಿನಲ್ಲಿರಬೇಕು. ಎಂಜಿನ್ ಚಾಲೂ ಇಟ್ಟು ಸ್ಟೀರಿಂಗನ್ನು ಎಡತುದಿಯಿಂದ ಬಲತುದಿಗೆ ನಿಧಾನವಾಗಿ ತಿರುಗಿಸಿ. ಅಂಕಿ ಸರಾಗವಾಗಿ ಬದಲಾಗುತ್ತಾ, ನೇರಕ್ಕೆ ಬಂದಾಗ ಮಾತ್ರ 8 ಎಂದೋ 10 ಎಂದೋ ನಿಂತರೆ ಕ್ಯಾಲಿಬ್ರೇಷನ್ (ಸೊನ್ನೆಯನ್ನು ಮತ್ತೆ ಹೊಂದಿಸುವುದು) ಸಾಕು. ನಡುವೆ ಥಟ್ಟನೆ ಜಿಗಿದರೆ ಅಥವಾ ಮಾಯವಾದರೆ ಮೊದಲು ಸೆನ್ಸರಿನ ವೈರ್ ಕನೆಕ್ಟರ್ ಬಿಚ್ಚಿ ನೋಡಿಸಿ. ನಮ್ಮ ಕಡಲ ಹವೆ ಪಿನ್ನಿಗೆ ಹಸಿರು ಕಿಲುಬು ಹತ್ತಿಸುವುದರಲ್ಲಿ ನಿಸ್ಸೀಮ. ಅದೂ ಶುಭ್ರವಾಗಿದ್ದರೆ ಸೆನ್ಸರ್ ಬದಲಿಸಿ.

ಆ ಕೆಲಸಕ್ಕೆ ನೀವೇ ಕೈಹಾಕಬೇಡಿ. ಏರ್‌ಬ್ಯಾಗ್ ತೆಗೆಯಬೇಕಾಗುತ್ತದೆ, ಅದಕ್ಕೆ ಮುಂಚೆ ಬ್ಯಾಟರಿಯ ನೆಗೆಟಿವ್ ಕಳಚಿ ಕೆಲವು ನಿಮಿಷ ಕಾಯಬೇಕು. ಕ್ಲಾಕ್ ಸ್ಪ್ರಿಂಗ್ (ಸ್ಟೀರಿಂಗಿನೊಳಗೆ ಸುರುಳಿ ಸುತ್ತಿದ ವೈರ್ ಪಟ್ಟಿಯಿರುವ ಭಾಗ) ನಡುಮಧ್ಯದಿಂದ ಸರಿದರೆ ಒಳಗಿನ ಪಟ್ಟಿ ಹರಿದು ಹಾರ್ನೂ ಹೋದೀತು. ಹೊಸ ಸೆನ್ಸರಿಗೂ ಕ್ಯಾಲಿಬ್ರೇಷನ್ ತಪ್ಪಿದ್ದಲ್ಲ. ದೀಪ ಆರುವವರೆಗೆ ಇಎಸ್‌ಪಿಯನ್ನು ನಂಬುವಂತಿಲ್ಲ, ಹಾಗಾಗಿ ಮಳೆಯಲ್ಲಿ ಆಗುಂಬೆ ಘಾಟಿಯ ಕಡೆ ಹೋಗಬೇಡಿ.