ಹೆದ್ದಾರಿ ಅಗಲವಾದಾಗ ಕರಾವಳಿಯ ಹಳೆಯ ಕೇರಿಗಳ ನೆನಪೂ ಅಳಿಸಿಹೋಗುವುದೇಕೆ? ಏನನ್ನು ಉಳಿಸಿಕೊಳ್ಳಬಹುದು?

ಮುಖ್ಯ ಕಾರಣ ಭೂಸ್ವಾಧೀನದ ಲೆಕ್ಕದಲ್ಲೇ ಇದೆ. ಜಮೀನು, ಕಟ್ಟಡ, ಮರಗಳಿಗೆ ಬೆಲೆ ಕಟ್ಟುತ್ತಾರೆ. ಅಶ್ವತ್ಥಕಟ್ಟೆ, ಹಿತ್ತಿಲಿಂದ ಹಿತ್ತಿಲಿಗೆ ಹೋಗುವ ಕಾಲುದಾರಿ, ನಾಲ್ಕು ಮನೆಯವರು ನೀರು ಸೇದುವ ಬಾವಿ ಇವಕ್ಕೆ ಒಬ್ಬ ಮಾಲೀಕನಿಲ್ಲ, ಹಾಗಾಗಿ ಕೇಳುವವರೂ ಇಲ್ಲ. ಕಾರವಾರದಿಂದ ಭಟ್ಕಳದವರೆಗಿನ ರಾಷ್ಟ್ರೀಯ ಹೆದ್ದಾರಿ 66ರಂಥ ಚತುಷ್ಪಥದ ಪಕ್ಕ ಎಷ್ಟೋ ಸಲ ಮನೆ ಉಳಿದು ಜಗಲಿ, ತುಳಸಿಕಟ್ಟೆ ಮಾತ್ರ ಹೋಗುತ್ತವೆ. ಸಂಜೆ ಕೂತು ಮಾತಾಡುವ ಜಾಗವೇ ಅದು. ನಡುವೆ ವಿಭಜಕ ಬಂದರೆ ಎದುರು ಮನೆಗೂ ಸುತ್ತಿ ಹೋಗಬೇಕು. ನನ್ನ ಪ್ರಕಾರ ಮನೆ ಬಿದ್ದದ್ದಕ್ಕಿಂತ ದೊಡ್ಡ ನಷ್ಟ ಇದು.

1956ರ ರಾಷ್ಟ್ರೀಯ ಹೆದ್ದಾರಿ ಕಾಯ್ದೆಯ 3ಎ ಕಲಮಿನಡಿ, ಜಮೀನು ಸ್ವಾಧೀನದ ಉದ್ದೇಶ ತಿಳಿಸುವ ಅಧಿಸೂಚನೆ ಪ್ರಕಟವಾದ 21 ದಿನಗಳೊಳಗೆ ಲಿಖಿತ ಆಕ್ಷೇಪಣೆ ಕೊಡಿ. ಕಟ್ಟೆ, ಬಾವಿ, ದಾರಿಯನ್ನು ಸರ್ವೆ ನಂಬರ್ ಸಮೇತ ಹೆಸರಿಸಿ. 3ಡಿ ಕಲಮಿನಡಿ ಸ್ವಾಧೀನದ ಘೋಷಣೆ ಪ್ರಕಟವಾದರೆ ಜಮೀನು ಕೇಂದ್ರ ಸರ್ಕಾರದ್ದು. ಆಮೇಲೆ ಉಳಿಯುವುದು ಪರಿಹಾರದ ಮಾತಷ್ಟೇ.

ದಾಖಲಿಸಲು ಜೆಸಿಬಿ ಬರುವವರೆಗೆ ಕಾಯಬೇಡಿ. 30 ಮೀಟರ್ ಟೇಪ್ ಹಿಡಿದು ಮನೆಯಿಂದ ಮನೆಗೆ ಅಂತರ, ಜಗಲಿಯ ಎತ್ತರ ಅಳೆದು ನಕ್ಷೆ ಬರೆಯಿರಿ. ಫೋಟೋದಲ್ಲಿ ಅಳತೆಕೋಲು ಇರಲಿ, ಇಲ್ಲವಾದರೆ ಮುಂದೆ ಗಾತ್ರ ತಿಳಿಯದು. ಹಿರಿಯರನ್ನು ಕುರ್ಚಿಯಲ್ಲಿ ಕೂರಿಸಿ ಕೇಳಿದರೆ ಎರಡು ಮಾತಿಗೆ ಮುಗಿಯುತ್ತದೆ. ಕೇರಿಯಲ್ಲಿ ನಡೆಸುತ್ತ ಧ್ವನಿಮುದ್ರಿಸಿ, ಜಾಗ ಕಂಡಂತೆ ನೆನಪು ಬರುತ್ತದೆ. ಹಂಚಿನ ಅಡಿಭಾಗದ ಕಾರ್ಖಾನೆ ಮುದ್ರೆಯ ಫೋಟೋವನ್ನೂ ತೆಗೆಯಿರಿ, ಮನೆಯ ಕಾಲ ಅಂದಾಜಿಸಲು ನೆರವಾಗುತ್ತದೆ. ಸುಣ್ಣದ ಗಾರೆಯಲ್ಲಿ ಕಟ್ಟಿದ ಚಿರೇಕಲ್ಲನ್ನು ಕೈಯಲ್ಲೇ ಬಿಡಿಸಿದರೆ ಇಡಿಯಾಗಿ ಬರುತ್ತದೆ, ಹೊಸ ಕಟ್ಟೆಗೆ ಬಳಸಬಹುದು. ಸಿಮೆಂಟ್ ಹಾಕಿದ್ದು ಒಡೆಯುತ್ತದೆ.