ಥೈಲಕೋಸ್ಮೈಲಸ್ ಮಾರ್ಸೂಪಿಯಲ್ ಹೌದೇ, ಅಲ್ಲವೇ?

ನಮಸ್ಕಾರ. ಥೈಲಕೋಸ್ಮೈಲಸ್ ಎಂಬ ಅಳಿದುಹೋದ ಸಸ್ತನಿಯನ್ನು ಒಂದು ಪುಸ್ತಕ ಮಾರ್ಸೂಪಿಯಲ್ (ಹೊಟ್ಟೆಚೀಲದ ಸಸ್ತನಿ) ಎಂದೂ ಇನ್ನೊಂದು ಮೆಟಾಥೀರಿಯನ್ ಎಂದೂ ಕರೆದಿದೆ, ಯಾವುದು ಸರಿ ಎಂದು ತಾವು ಕೇಳಿದ್ದೀರಿ. ಎರಡನೆಯದೇ ಸರಿ.

ಇಂದು ಬದುಕಿರುವ ಕಾಂಗರೂ, ಕೋಆಲಾ, ಅಪೋಸಮ್ ಮೊದಲಾದವುಗಳ ಕೊನೆಯ ಸಮಾನ ಪೂರ್ವಜ ಮತ್ತು ಅದರ ಸಂತತಿಯೆಲ್ಲ ಸೇರಿದ ಗುಂಪು ಮಾರ್ಸೂಪಿಯೇಲಿಯಾ. ಆ ಗುಂಪನ್ನೂ, ನಮ್ಮಂಥ ಜರಾಯು ಸಸ್ತನಿಗಳಿಗಿಂತ ಅದಕ್ಕೇ ಹತ್ತಿರವಾಗಿದ್ದು ಅಳಿದುಹೋದ ಕವಲುಗಳನ್ನೂ ಒಳಗೊಂಡದ್ದು ಮೆಟಾಥೀರಿಯಾ. ಮಲ್ಲೇಶ್ವರದವರೆಲ್ಲ ಬೆಂಗಳೂರಿನವರೇ, ಆದರೆ ಬೆಂಗಳೂರಿನವರೆಲ್ಲ ಮಲ್ಲೇಶ್ವರದವರಲ್ಲ ಎಂದಂತೆ. ದಕ್ಷಿಣ ಅಮೆರಿಕದ, ಕತ್ತಿಯಂಥ ಕೋರೆಹಲ್ಲಿನ ಥೈಲಕೋಸ್ಮೈಲಸ್ ಸೇರುವುದು ಸ್ಪಾರಾಸೊಡಾಂಟಾ ಎಂಬ ಅಂಥದೊಂದು ಹೊರಗಿನ ಕವಲಿಗೆ. 1933ರಲ್ಲಿ ಎಲ್ಮರ್ ರಿಗ್ಸ್ ಕೊಟ್ಟ ಈ ಹೆಸರಿನಲ್ಲೇ 'ಚೀಲ' ಎಂಬರ್ಥದ ಗ್ರೀಕ್ ಪದವಿರುವುದು ಗೊಂದಲಕ್ಕೆ ಅರ್ಧ ಕಾರಣವೆಂದು ನನಗನಿಸುತ್ತದೆ.

ತಾವು ಜೊತೆಗೆ ಹೆಸರಿಸಿದ ಆಸ್ಟ್ರೇಲಿಯದ ಡೈಪ್ರೊಟೊಡಾನ್ ಮಾತ್ರ ನಿಸ್ಸಂದೇಹವಾಗಿ ಮಾರ್ಸೂಪಿಯಲ್. 1838ರಲ್ಲಿ ರಿಚರ್ಡ್ ಓವೆನ್ ಹೆಸರಿಸಿದ, ಸುಮಾರು 2,700 ಕಿಲೋ ತೂಗುತ್ತಿದ್ದ ಈ ಸಸ್ಯಾಹಾರಿಯೂ, ಆಸ್ಟ್ರೇಲಿಯದ್ದೇ ಆದ, ಅಳಿದುಹೋದ ಮಾಂಸಾಹಾರಿ ಥೈಲಕೋಲಿಯೋ ಕೂಡ ಡೈಪ್ರೊಟೊಡಾಂಟಿಯಾ ಎಂಬ ಒಂದೇ ಗಣಕ್ಕೆ ಸೇರುತ್ತವೆ, ಏಕೆಂದರೆ ಆ ಗಣದ ಗುರುತು ಆಹಾರವಲ್ಲ, ಕೆಳದವಡೆಯಲ್ಲಿ ಮುಂದಕ್ಕೆ ಚಾಚಿದ ಜೋಡಿ ಬಾಚಿಹಲ್ಲು.