ಟೆಲೊಮಿಯರ್ ಅಳೆದರೆ ವಯಸ್ಸು ತಿಳಿಯುತ್ತದೆಯೇ?

ಪ್ರಶ್ನೆ: ರಕ್ತದಲ್ಲಿನ ಟೆಲೊಮಿಯರ್ ಅಳೆದು ದೇಹದ ನಿಜವಾದ ವಯಸ್ಸು ಹೇಳುತ್ತೇವೆ ಎಂಬ ಜಾಹೀರಾತು ನೋಡಿದೆ. ನಂಬಬಹುದೇ?

ಉತ್ತರ: ದಯವಿಟ್ಟು ದುಡ್ಡು ಕೊಡಬೇಡಿ. ನಮ್ಮ ಕ್ರೋಮೊಸೋಮುಗಳ ತುದಿಯಲ್ಲಿ ಟಿಟಿಎಜಿಜಿಜಿ ಎಂಬ ಆರಕ್ಷರದ ಡಿಎನ್‌ಎ ಸಾಲು ಮತ್ತೆ ಮತ್ತೆ ಬರುತ್ತದೆ, ಅದೇ ಟೆಲೊಮಿಯರ್. ಡಿಎನ್‌ಎ ನಕಲು ಮಾಡುವ ಕಿಣ್ವಕ್ಕೆ ಕಟ್ಟಕಡೆಯ ತುಣುಕನ್ನು ತುಂಬಲಾಗದು. ಹಾಗಾಗಿ ಜೀವಕೋಶ ಎರಡಾಗಿ ಒಡೆದಂತೆಲ್ಲ ತುದಿ ಸವೆಯುತ್ತದೆ, ತೀರಾ ಗಿಡ್ಡವಾದಾಗ ವಿಭಜನೆ ನಿಲ್ಲುತ್ತದೆ. ಈ ನಷ್ಟ ತುಂಬುವ ಟೆಲೊಮರೇಸ್ ಕಿಣ್ವವನ್ನು ವಿಜ್ಞಾನಿಗಳಾದ ಎಲಿಜಬೆತ್ ಬ್ಲ್ಯಾಕ್‌ಬರ್ನ್ ಮತ್ತು ಕರೋಲ್ ಗ್ರೈಡರ್ 1984ರಲ್ಲಿ ಕೊಳದ ನೀರಿನ ಏಕಕೋಶಜೀವಿ ಟೆಟ್ರಹೈಮಿನಾದಲ್ಲಿ ಕಂಡರು. 2009ರಲ್ಲಿ ಜ್ಯಾಕ್ ಶೋಸ್ಟಾಕ್ ಜೊತೆ ನೊಬೆಲ್ ಪಡೆದರು.

ತೊಡಕಿರುವುದು ಅಳತೆಯಲ್ಲಿ. ವಯಸ್ಕರ ಬಿಳಿ ರಕ್ತಕಣಗಳಲ್ಲಿ ವರ್ಷಕ್ಕೆ ಸವೆಯುವುದು ಸುಮಾರು 25 ಅಕ್ಷರ. ಒಟ್ಟು ಉದ್ದ 7,000 ಎಂದುಕೊಂಡರೆ, ಡಿಎನ್‌ಎಯ ನಕಲುಗಳನ್ನು ಹೆಚ್ಚಿಸಿ ಅಳೆಯುವ ಪಿಸಿಆರ್‌ ವಿಧಾನದಲ್ಲಿ ಶೇ. 5 ಏರುಪೇರಾದರೂ 350 ಅಕ್ಷರ, ಅಂದರೆ 14 ವರ್ಷದ ಸವೆತ! ಡಿಎನ್‌ಎ ಬೇರ್ಪಡಿಸುವ ವಿಧಾನ ಬದಲಾದರೂ ಫಲಿತಾಂಶ ಬದಲಾಗುತ್ತದೆ. ಸೋಂಕಿದ್ದಾಗ ಬಿಳಿ ಕಣಗಳ ಮಿಶ್ರಣವೇ ಬೇರೆ, ಹಾಗಾಗಿ ಅಳತೆಯೂ ಬೇರೆ. ಸಾಲದ್ದಕ್ಕೆ, ಒಂದೇ ವಯಸ್ಸಿನವರ ನಡುವೆಯೇ ಸಾವಿರಾರು ಅಕ್ಷರಗಳ ಅಂತರವಿರುತ್ತದೆ.

ಮೂಳೆಮಜ್ಜೆ ಸೊರಗುವ ಕೆಲವು ಆನುವಂಶಿಕ ಕಾಯಿಲೆಗಳ ಪತ್ತೆಗೆ, ಟೆಲೊಮಿಯರ್‌ಗೆ ಹೊಳೆಯುವ ಗುರುತು ಅಂಟಿಸಿ ಕೋಶಗಳಲ್ಲಿ ಅದರ ಉದ್ದ ಅಳೆಯುವ ಫ್ಲೋ-ಫಿಶ್ ಪರೀಕ್ಷೆ ನಿಜಕ್ಕೂ ಉಪಯುಕ್ತ. ಅದನ್ನು ರಕ್ತರೋಗ ತಜ್ಞರು ಬರೆದುಕೊಡುತ್ತಾರೆ. ‘ಟೆಲೊಮರೇಸ್ ಹೆಚ್ಚಿಸುವ’ ಮಾತ್ರೆಗಳ ಬಗ್ಗೆಯೂ ಎಚ್ಚರವಿರಲಿ: ಬಹುಪಾಲು ಕ್ಯಾನ್ಸರ್ ಕೋಶಗಳು ಬೆಳೆಯುತ್ತಲೇ ಇರುವುದು ಇದೇ ಕಿಣ್ವದ ಬಲದಿಂದ.